ಸ್ನಾನದ ಸ್ಪಂಜು ಒಂದು ಪ್ರಾಣಿ!

ನಿಮ್ಮ ಬಚ್ಚಲಲ್ಲಿರುವ ಸ್ಪಂಜು ಬಹುಶಃ ಕಾರ್ಖಾನೆಯಲ್ಲಿ ತಯಾರಾದದ್ದು. ಆದರೆ ಮಗುವನ್ನು ಮೀಯಿಸಲೆಂದು ಹೆಚ್ಚು ಹಣ ಕೊಟ್ಟು ತರುವ ಜೇನುಬಣ್ಣದ 'ನೈಸರ್ಗಿಕ ಸ್ಪಂಜು' ಒಂದು ಪ್ರಾಣಿಯ ಅಸ್ಥಿಪಂಜರ. ಮೆಡಿಟರೇನಿಯನ್ ಸಮುದ್ರದ ಬಂಡೆಗಳಿಗೆ ಅಂಟಿಕೊಂಡು ಬೆಳೆಯುವ ಈ ಜೀವಿಯ ಶಾಸ್ತ್ರೀಯ ಹೆಸರು ಸ್ಪಾಂಜಿಯಾ ಅಫಿಸಿನಾಲಿಸ್.

ಇದಕ್ಕೆ ಬಾಯಿಯಿಲ್ಲ, ಹೊಟ್ಟೆಯಿಲ್ಲ, ಹೃದಯ, ಮೆದುಳೂ ಇಲ್ಲ. ಮೈ ತುಂಬ ತೂತುಗಳು. ಒಳಗಿನ ಪುಟ್ಟ ಕೋಣೆಗಳಲ್ಲಿರುವ ಜೀವಕೋಶಗಳು ಚಾವಟಿಯಂಥ ಎಳೆಗಳನ್ನು ಬೀಸಿ ನೀರನ್ನು ಒಳಗೆಳೆಯುತ್ತವೆ. ಅದರಲ್ಲಿರುವ ಬ್ಯಾಕ್ಟೀರಿಯಾಗಳೇ ಇದರ ಮುಖ್ಯ ಊಟ. ಸೋಸಿದ ನೀರು ದೊಡ್ಡ ತೂತುಗಳಿಂದ ಹೊರಬೀಳುತ್ತದೆ. ಜೀವವಿರುವಾಗ ಇದರ ಮೈಮೇಲೆ ಕಪ್ಪಗಿನ ಚರ್ಮವಿರುತ್ತದೆ. ಚರ್ಮ, ಮಾಂಸ ಕೊಳೆತು ತೊಳೆದುಹೋದ ಮೇಲೆ ಉಳಿಯುವ ಮೆತ್ತನೆಯ ನಾರಿನ ಬಲೆಯೇ ಅಂಗಡಿಗೆ ಬರುವುದು. ಬೇರೆ ಹಲವು ಜಾತಿಯ ಸ್ಪಂಜುಗಳ ಮೈಯಲ್ಲಿ ಗಾಜಿನಂಥ ಸೂಜಿಗಳಿರುತ್ತವೆ. ಅವುಗಳಿಂದ ಮೈ ಉಜ್ಜಿಕೊಂಡವರ ಗತಿ ಹೇಳಬೇಕಾಗಿಲ್ಲ!

ಬುಡ ಬಿಟ್ಟು ಕತ್ತರಿಸಿದರೆ ಇದು ಮತ್ತೆ ಬೆಳೆಯುತ್ತದೆ, ಆದರೆ ಬಹಳ ನಿಧಾನ. ಅತಿಯಾದ ಕೊಯ್ಲಿನ ಜೊತೆಗೆ 1980ರ ದಶಕದ ಕೊನೆಯಲ್ಲಿ ರೋಗವೂ ಹರಡಿ ಅಪಾರ ಸಂಖ್ಯೆಯ ಸ್ಪಂಜುಗಳು ಸತ್ತವು.

ಈಗ ನಿಮ್ಮ ಬಚ್ಚಲಿಗೆ ಬನ್ನಿ. ಸಮುದ್ರದಲ್ಲಿ ಬ್ಯಾಕ್ಟೀರಿಯಾಗಳನ್ನು ಹಿಡಿದ ಅದೇ ತೂತುಗಳಲ್ಲಿ ಈಗ ನೀರು ಹರಿಯುವುದಿಲ್ಲ, ನಿಲ್ಲುತ್ತದೆ. ಜೊತೆಗೆ ನಮ್ಮ ಮೈಯ ಕೊಳೆ, ಸೋಪು. ಬ್ಯಾಕ್ಟೀರಿಯಾ ಬೆಳೆಯಲು ಇನ್ನೇನು ಬೇಕು? ಬಳಸಿದ ಕೂಡಲೇ ಚೆನ್ನಾಗಿ ತೊಳೆದು, ಹಿಂಡಿ, ಬಚ್ಚಲ ಹೊರಗೆ ಗಾಳಿಯಾಡುವಲ್ಲಿ ತೂಗುಹಾಕಿ. ಕುದಿಸಬೇಡಿ, ನಾರು ಹಾಳಾಗುತ್ತದೆ. ಗಾಯ, ಕಜ್ಜಿ ಇರುವಲ್ಲಿ ಉಜ್ಜಬೇಡಿ. ಮನೆಮಂದಿಗೆಲ್ಲ ಒಂದೇ ಸ್ಪಂಜು ಬೇಡ. ವಾಸನೆ ಬಂದರೆ ಬೆಲೆ ನೋಡದೆ ಎಸೆಯಿರಿ.