ಹಟ್ಟಿಗೆ ನುಗ್ಗಿದ ನೆರೆಯವರ ನಾಯಿ: ಕೊಂದರೆ ಹೊಣೆ ಯಾರದು?

ನೆರೆಯವರ ನಾಯಿ ರಾತ್ರಿ ವೇಳೆ ಕುರಿಹಟ್ಟಿಗೆ ನುಗ್ಗಿ ನಾಲ್ಕಾರು ಮರಿಗಳನ್ನು ಕಚ್ಚಿ ಹಾಕಿದರೆ ರೈತನಿಗೆ ಆಗುವ ನಷ್ಟ ಸಣ್ಣದಲ್ಲ. ಕೋಪದ ಭರದಲ್ಲಿ ಅಂಥ ನಾಯಿಯನ್ನು ಹೊಡೆದು ಹಾಕುವುದು, ಇಲ್ಲವೆ ವಿಷವಿಕ್ಕುವುದು ಹಳ್ಳಿಗಳಲ್ಲಿ ಹೊಸದೇನಲ್ಲ. ತನ್ನ ಜಮೀನಿನೊಳಗೆ ಬಂದ ನಾಯಿಯನ್ನು ಕೊಂದರೆ ಕೇಳುವವರಾರು ಎಂಬ ಭಾವನೆಯೂ ಇದೆ. ಕಾನೂನು ಇದನ್ನು ಒಪ್ಪುವುದಿಲ್ಲ.

ಸಾಕಿದ ನಾಯಿ ಅದರ ಒಡೆಯನ ಸ್ವತ್ತು. ಇನ್ನೊಬ್ಬರಿಗೆ ನಷ್ಟವಾಗಲೆಂದು ಯಾವುದೇ ಪ್ರಾಣಿಯನ್ನು ಕೊಂದರೆ, ವಿಷವಿಕ್ಕಿದರೆ ಅಥವಾ ಅಂಗಹೀನಗೊಳಿಸಿದರೆ 5 ವರ್ಷಗಳವರೆಗೆ ಸೆರೆವಾಸ, ಇಲ್ಲವೆ ಜುಲ್ಮಾನೆ, ಇಲ್ಲವೆ ಎರಡನ್ನೂ ವಿಧಿಸಬಹುದು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 325ನೆಯ ಕಲಂ ಹೀಗೆ ಹೇಳುತ್ತದೆ. ಹಳೆಯ ದಂಡ ಸಂಹಿತೆಯಲ್ಲಿದ್ದ 10 ರೂಪಾಯಿ, 50 ರೂಪಾಯಿ ಬೆಲೆಯ ಲೆಕ್ಕ ಈಗ ಇಲ್ಲ. ಒಡೆಯನಿಲ್ಲದ ಬೀದಿ ನಾಯಿಯನ್ನಾದರೂ ಕ್ರೂರ ರೀತಿಯಲ್ಲಿ ಕೊಲ್ಲುವುದು 1960ರ ಪ್ರಾಣಿಹಿಂಸೆ ತಡೆ ಕಾಯಿದೆಯಂತೆ ಅಪರಾಧ.

ಹಾಗಾದರೆ ಕಣ್ಣೆದುರಿನಲ್ಲೇ ನಾಯಿ ಕುರಿಯ ಕತ್ತು ಹಿಡಿದಿರುವಾಗ ರೈತನು ಸುಮ್ಮನಿರಬೇಕೆ? ಬೇಕಿಲ್ಲ. ಕೇಡು ಮಾಡುವ ಉದ್ದೇಶವಿಲ್ಲದೆ, ಜೀವ ಅಥವಾ ಸ್ವತ್ತಿಗೆ ಒದಗಿದ ಬೇರೆ ಹಾನಿಯನ್ನು ತಪ್ಪಿಸಲು ಸದ್ಭಾವನೆಯಿಂದ ಮಾಡಿದ ಕೃತ್ಯ ಅಪರಾಧವಲ್ಲವೆಂದು ಅದೇ ಸಂಹಿತೆಯ 19ನೆಯ ಕಲಂ ಹೇಳುತ್ತದೆ. ಆದರೆ ಹಾನಿ ಆ ಗಳಿಗೆಯಲ್ಲಿ ನಡೆಯುತ್ತಿತ್ತು, ಗದರಿಸಿ ಅಟ್ಟಿದರೆ ಸಾಲುತ್ತಿರಲಿಲ್ಲ ಎಂಬುದನ್ನು ರೈತನೇ ತೋರಿಸಿಕೊಡಬೇಕಾಗುತ್ತದೆ. ನಾಯಿ ಓಡಿಹೋದ ಮೇಲೆ ಮರುದಿನ ಹುಡುಕಿ ಕೊಂದರೆ ಅದು ಸೇಡು. ಈ ರಕ್ಷಣೆ ಸಿಗುವುದು ಕಷ್ಟ. ಇಂಗ್ಲೆಂಡಿನ 1971ರ ಪ್ರಾಣಿಗಳ ಕಾಯಿದೆಯಲ್ಲಿ, ಜಾನುವಾರುಗಳನ್ನು ಕಾಡುವ ನಾಯಿಯನ್ನು ಕೊಂದು 48 ಗಂಟೆಗಳೊಳಗೆ ಪೊಲೀಸರಿಗೆ ತಿಳಿಸಿದವನಿಗೆ ಸ್ಪಷ್ಟವಾದ ರಕ್ಷಣೆ ಉಂಟು. ನಮ್ಮ ಸಂಹಿತೆಯಲ್ಲಿ ಅಂಥ ಪ್ರತ್ಯೇಕ ಕಲಂ ಇಲ್ಲ.

ವಿಷವಂತೂ ಕೂಡದು. ಕೀಟನಾಶಕ ಬೆರೆಸಿದ ಮಾಂಸದ ತುಂಡು ನೆರೆಯವರ ನಾಯಿಯನ್ನೇ ಹುಡುಕಿಕೊಂಡು ಹೋಗುವುದಿಲ್ಲ. ತನ್ನದೇ ಕಾವಲು ನಾಯಿ ಅದನ್ನು ತಿನ್ನಬಹುದು, ಮಕ್ಕಳು ಮುಟ್ಟಬಹುದು. ವಿಷ ಬೆರೆಸಿದ ಕಾಳನ್ನು ತಿಂದು ನವಿಲು ಸತ್ತರೆ 1972ರ ವನ್ಯಜೀವಿ ಕಾಯಿದೆಯೂ ಅನ್ವಯವಾಗುತ್ತದೆ. ಅದರಲ್ಲಿ ಬೇಟೆ ಎಂದರೆ ವಿಷವಿಕ್ಕುವುದೂ ಸೇರಿದೆ.

ದನ, ಕುರಿಗಳಂತೆ ನಾಯಿಯನ್ನು ದೊಡ್ಡಿಗೆ ಹೊಡೆಯಲಾಗದು. ಉಳಿದಿರುವ ದಾರಿ ನಷ್ಟ ಪರಿಹಾರದ ದಾವೆ. ಇದರಲ್ಲಿ ರೈತರು ಸೋಲುವುದು ಸಾಮಾನ್ಯವಾಗಿ ರುಜುವಾತಿನ ಕೊರತೆಯಿಂದ. ನಾಯಿಗೆ ಕಚ್ಚುವ ಚಾಳಿಯಿತ್ತು, ಅದು ಒಡೆಯನಿಗೆ ಗೊತ್ತಿತ್ತು ಎಂದು ತೋರಿಸಿದರೆ ದಾವೆ ಬಲವಾಗುತ್ತದೆ. ಆದುದರಿಂದ ಮೊದಲ ಸಲ ತೊಂದರೆಯಾದಾಗಲೇ ಒಡೆಯನಿಗೆ ಬರಹದಲ್ಲಿ ತಿಳಿಸಿ, ನಕಲನ್ನು ಇಟ್ಟುಕೊಳ್ಳತಕ್ಕದ್ದು. ಗ್ರಾಮ ಪಂಚಾಯಿತಿಗೂ ಒಂದು ಅರ್ಜಿ ಕೊಡುವುದು ಲೇಸು. ಸತ್ತ ಕುರಿಗಳನ್ನು ಹೂಳುವ ಮೊದಲು ಪಶುವೈದ್ಯರಿಂದ ಮರಣೋತ್ತರ ಪರೀಕ್ಷೆ ಮಾಡಿಸಿ, ಕಚ್ಚಿದ ಗುರುತುಗಳ ಚಿತ್ರ ತೆಗೆಸಿ, ನೋಡಿದವರ ಹೆಸರುಗಳನ್ನು ಬರೆದಿಡಬೇಕು. ನಾಯಿಯಿಂದ ಮನುಷ್ಯರ ಜೀವಕ್ಕೆ ಅಪಾಯವಿದ್ದೂ ಒಡೆಯನು ಅದನ್ನು ಹದ್ದಿನಲ್ಲಿಡದಿದ್ದರೆ 291ನೆಯ ಕಲಮಿನಂತೆ ಪೊಲೀಸರಿಗೆ ದೂರು ಕೊಡಬಹುದು. ಇದಕ್ಕೆ 6 ತಿಂಗಳವರೆಗೆ ಸೆರೆವಾಸ ಅಥವಾ 5,000 ರೂಪಾಯಿವರೆಗೆ ಜುಲ್ಮಾನೆ, ಇಲ್ಲವೆ ಎರಡೂ ಉಂಟು.

ಕಚ್ಚಿಸಿಕೊಂಡು ಬದುಕಿದ ಕುರಿಗಳ ಗಾಯವನ್ನು ಸೋಪು ನೀರಿನಿಂದ 15 ನಿಮಿಷ ತೊಳೆದು, ಹುಚ್ಚುನಾಯಿ ರೋಗದ ಲಸಿಕೆಗಾಗಿ ಅದೇ ದಿನ ಪಶು ಆಸ್ಪತ್ರೆಗೆ ಒಯ್ಯಬೇಕು. ಈ ರೋಗವನ್ನು ದೃಢಪಡಿಸಲು ಮಿದುಳಿನ ಪರೀಕ್ಷೆ ಬೇಕಾಗುವುದರಿಂದ, ದಾಳಿಯಲ್ಲಿ ನಾಯಿ ಸತ್ತಿದ್ದರೆ ಪಶುವೈದ್ಯರಿಗೆ ತಿಳಿಸದೆ ಅದನ್ನು ಹೂಳಬಾರದು.