ಕೆಮ್ಮೂ ಇರಲಿ, ರಾಗವೂ ಇರಲಿ

ಹಳೆಯ ಸಂಗೀತ ಕಛೇರಿಗಳ ಧ್ವನಿಮುದ್ರಣಗಳು ಈಗ ಕತ್ತರಿ ಕಾಣದೆ ಇಡಿಯಾಗಿ ಮೊಬೈಲಿಗೆ ಬರುತ್ತಿವೆ. ತಂಬೂರಿ ಶ್ರುತಿ ಮಾಡುವುದು, ಗಾಯಕರು ಗಂಟಲು ಸರಿಪಡಿಸಿಕೊಳ್ಳುವುದು, ಮುಂದಿನ ಸಾಲಿನ ‘ಕ್ಯಾ ಬಾತ್’, ಹಿಂದಿನ ಸಾಲಿನ ಕೆಮ್ಮು ಎಲ್ಲವೂ ಅದರಲ್ಲಿರುತ್ತವೆ. ಇದು ವರವೋ, ಕಿರಿಕಿರಿಯೋ?

ಒಂದು ಕಾಲಕ್ಕೆ ಈ ಪ್ರಶ್ನೆಯೇ ಇರಲಿಲ್ಲ. 78 ಆರ್‌ಪಿಎಂ ತಟ್ಟೆಯ ಒಂದು ಬದಿಗೆ ಹಿಡಿಯುತ್ತಿದ್ದುದು ಮೂರು, ಮೂರೂವರೆ ನಿಮಿಷ. 1930ರ ದಶಕದಲ್ಲಿ ಗಂಗೂಬಾಯಿ ಹಾನಗಲ್ ಅವರು ‘ಗಾಂಧಾರಿ’ ಎಂಬ ಹೆಸರಿನಲ್ಲಿ ಹಾಡಿದ್ದು ಇಂಥ ತಟ್ಟೆಗಳಿಗೇ. ಆಮೇಲೆ ಬಂದ ಎಲ್‌ಪಿಯ ಬದಿಯೊಂದಕ್ಕೆ ಇಪ್ಪತ್ತು ನಿಮಿಷದಷ್ಟು ಜಾಗ ಸಿಕ್ಕರೂ ವಿಲಂಬಿತ ಖ್ಯಾಲಿಗೆ ಅದೂ ಇಕ್ಕಟ್ಟೇ.

ರಾಕ್ ಸಂಗೀತದವರಿಗೂ ಇದೇ ಹುಚ್ಚು. ಬಾಬ್ ಡಿಲನ್ ಅವರ 1965–66ರ ಸ್ಟುಡಿಯೊ ಧ್ವನಿಮುದ್ರಣಗಳು 2015ರಲ್ಲಿ 18 ಸಿಡಿಗಳಾಗಿ ಬಂದವು. ಅದರಲ್ಲಿ ಒಂದು ಸಿಡಿ ಪೂರ್ತಿ ‘ಲೈಕ್ ಎ ರೋಲಿಂಗ್ ಸ್ಟೋನ್’ ಹಾಡಿಗೇ ಮೀಸಲು. ಗ್ರೇಟ್‌ಫುಲ್ ಡೆಡ್ ತಂಡದ 1972ರ ಯುರೋಪ್ ಪ್ರವಾಸದ 22 ಕಾರ್ಯಕ್ರಮಗಳು ತುಂಬಿಸಿದ್ದು 73 ಸಿಡಿ!

ಇಡಿಯಾಗಿ ಕೇಳುವುದರ ಲಾಭ ದೊಡ್ಡದು. ಮಲ್ಲಿಕಾರ್ಜುನ ಮನ್ಸೂರರ ಗಾಯನದಲ್ಲಿ ಒಂದು ಸ್ವರಪುಂಜಕ್ಕೆ ಇನ್ನೊಂದು ಹೆಣೆದುಕೊಂಡೇ ಸಾಗುತ್ತದೆ. ನಡುವಿನ ಐದು ನಿಮಿಷ ತೆಗೆದರೆ ಸಮ್ ಉಳಿದೀತು, ಅಲ್ಲಿಗೆ ಬಂದ ದಾರಿ ಉಳಿಯದು. ಕುಕನೂರಿನಿಂದ ಪುಣೆಯ ಸವಾಯಿ ಗಂಧರ್ವ ಉತ್ಸವಕ್ಕೆ ಹೋಗಲಾಗದ ನನ್ನಂಥವರಿಗೆ ಇಂಥ ಧ್ವನಿಮುದ್ರಣವೇ ಬೈಠಕ್ಕು.

ತೊಡಕುಗಳೂ ಇವೆ. ಗದಗಿನ ಬಸ್ಸು ಲಕ್ಕುಂಡಿ ದಾಟಿದರೂ ಒಮ್ಮೊಮ್ಮೆ ಮೊದಲ ರಾಗ ಮುಗಿದಿರುವುದಿಲ್ಲ. ಗೊರಗೊರ ಸದ್ದಿನ ಟೇಪು ಕೇಳಿ ಹೊಸಬರು ಶಾಸ್ತ್ರೀಯ ಸಂಗೀತಕ್ಕೇ ಕೈಮುಗಿದುಬಿಡಬಹುದು. ಇದಕ್ಕಿಂತ ಗಂಭೀರವಾದದ್ದು ಒಪ್ಪಿಗೆಯ ಪ್ರಶ್ನೆ. ಗಂಟಲು ಕೈಕೊಟ್ಟ ದಿನದ ಹಾಡು ಊರೆಲ್ಲ ಹರಡಲಿ ಎಂದು ಯಾವ ಕಲಾವಿದರು ಬಯಸಿಯಾರು? ತೀರಿಕೊಂಡವರು ಬೇಡ ಎನ್ನಲಾರರು. ಯಾರೋ ಎಲ್ಲಿಂದಲೋ ತಂದು ಹಾಕಿದ ಟೇಪಿನಿಂದ ಅವರ ಮನೆಯವರಿಗಾಗಲಿ, ತಬಲಾ ನುಡಿಸಿದವರಿಗಾಗಲಿ ಬಿಡಿಗಾಸೂ ಸೇರುವುದಿಲ್ಲ.

ಹಾಗೆಂದು ಮೂಲಕ್ಕೇ ಕತ್ತರಿ ಹಾಕುವುದು ಸರಿಯಲ್ಲ. ಒಮ್ಮೆ ಅಳಿಸಿದ್ದನ್ನು ಮತ್ತೆ ಹಾಡಿಸಲು ಆ ಗಾಯಕರೇ ಇಲ್ಲ. ಮೂಲ ಇಡಿಯಾಗಿ ಸಂಗ್ರಹದಲ್ಲಿರಲಿ, ಕಲಿಯುವವರಿಗೆ ಸಿಗಲಿ. ಹೊರಗೆ ಬಿಡುವ ಮೊದಲು ಮನೆಯವರನ್ನೋ ಶಿಷ್ಯರನ್ನೋ ಕೇಳುವ ಸೌಜನ್ಯ ಇರಲಿ. ಹೊಸ ಕೇಳುಗರಿಗಾಗಿ ಚಿಕ್ಕದೊಂದು ಆವೃತ್ತಿಯೂ ಬರಲಿ. ಗೆಳೆಯರು ಕೇಳಿದರೆ ನಾನು ಮೊದಲು ಕಳಿಸುವುದು ಮನ್ಸೂರರ ಒಂದು ವಚನ ಗಾಯನ. ಅದು ಹಿಡಿಸಿತು ಅಂದವರಿಗೆ ಮಾತ್ರ ಕೆಮ್ಮು, ಶ್ರುತಿ ಸಮೇತ ಇಡೀ ಕಛೇರಿ!