ನಿಮಗಿದು ಗೊತ್ತೆ? ನಾಯಕಿಯೇ ತಾಯಿಯಾದಾಗ

1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿದ್ದ ಪಂಡರಿಬಾಯಿ, 32 ವರ್ಷಗಳ ನಂತರ ‘ಅನುರಾಗ ಅರಳಿತು’ ಚಿತ್ರದಲ್ಲಿ ಅವರಿಗೇ ತಾಯಿಯಾದರು! ಕಾಯಿಲೆಯಿಂದ ಬಳಲುವ ತಾಯಿಯನ್ನು ಮಗ ಅಕ್ಕರೆಯಿಂದ ಆರೈಕೆ ಮಾಡುವ ಕಥೆಯದು. ಅದೇ ಚಿತ್ರ 1992ರಲ್ಲಿ ತಮಿಳಿನಲ್ಲಿ ‘ಮನ್ನನ್’ ಆದಾಗಲೂ ತಾಯಿಯ ಪಾತ್ರ ಇವರದೇ, ಮಗನಾಗಿದ್ದವರು ರಜನಿಕಾಂತ್.

ಭಟ್ಕಳ ಮೂಲದ ಪಂಡರಿಬಾಯಿ 1943ರ ‘ವಾಣಿ’ಯಿಂದ ಚಿತ್ರರಂಗಕ್ಕೆ ಬಂದರು. ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ ‘ಪರಾಶಕ್ತಿ’ಯಲ್ಲಿ (1952) ಅವರಿಗೆ ಜೋಡಿಯಾದರು. ‘ಕುಡಿಯಿರುಂದ ಕೋಯಿಲ್’ನಲ್ಲಿ (1968) ಎಂ.ಜಿ.ಆರ್. ಅವರಿಗೂ ತಾಯಿ. ನಟಿ ಮೈನಾವತಿ ಇವರ ತಂಗಿ. ಪಂಡರಿಬಾಯಿ 2003ರಲ್ಲಿ ನಿಧನರಾದರು. ದಕ್ಷಿಣದ ತೆರೆಯ ಮೇಲಿನ ತಾಯಿಗೆ ಘನತೆ ತಂದುಕೊಟ್ಟ ಮೊದಲ ಸಾಲಿನ ಕಲಾವಿದೆ ಇವರು.